ಮಾವನ ವಾದ, ಸೊಸೆಯ ಉತ್ತರ

ನಾನು ಮುಳಬಾಗಿಲಿನ ಒಂದು ಖಾಸಗಿ ಕಾಲೇಜಿಗೆ ಇಂಗ್ಲಿಷ್ ಉಪನ್ಯಾಸಕಿಯಾಗಿ ಸೇರಿದಾಗ ಎಪ್ಪತ್ತರ ದಶಕ ಮುಗಿಯುತ್ತ ಬಂದಿತ್ತು. ಹಂಗಾಮಿ ಕೆಲಸ. ಲಕ್ಕೂರಿನ ಕಡೆಯ, ರಾಗಿ ಬೆಳೆಯುವ ಮನೆಯಿಂದ ಎಂ.ಎ. ಮಾಡಿದ ಮೊದಲ ಹೆಣ್ಣು ಎಂಬ ಕೊಬ್ಬು ನನಗೆ ಸ್ವಲ್ಪ ಇತ್ತು. ಈಗಲೂ ಪೂರ್ತಿ ಇಳಿದಿಲ್ಲ.

ಮೊದಲ ದಿನವೇ ಪ್ರಾಂಶುಪಾಲರು ನನ್ನ ಕೈಗೆ ಒಂದು ಉದ್ದನೆಯ ನೋಟ್‌ಬುಕ್ ಕೊಟ್ಟರು. ನನಗಿಂತ ಮುಂಚೆ ಇದ್ದವರು ಬರೆದಿಟ್ಟ ಪ್ರಶ್ನೋತ್ತರ.

“ನೋಡಮ್ಮ, ನಮ್ಮ ಹುಡುಗ್ರು ಕನ್ನಡ ಮೀಡಿಯಮ್ಮು. ಮನೇಲಿ ಮಾತಾಡೋದು ತೆಲುಗು. ನೀವು ಇದನ್ನ ಬರೆಸಿ, ಅವರು ಬಾಯಿಪಾಠ ಮಾಡ್ಲಿ, ಪಾಸಾಗ್ಲಿ. ಜಾಸ್ತಿ ತಲೆ ಕೆಡಿಸ್ಕೋಬೇಡಿ.”

ಅದರಲ್ಲಿ ಒಂದು ಪ್ರಶ್ನೆ, ಯುರೋಪಿನ ಪುನರುಜ್ಜೀವನ ಕಾಲದ ಸಾಹಿತ್ಯದ ಮೇಲೆ ರೆಟರಿಕ್‌ನ ಪ್ರಭಾವ. ರೆಟರಿಕ್ ಎಂದರೆ ಕೇಳುವವರ ಮನಸ್ಸು ಒಲಿಯುವಂತೆ ಮಾತಾಡುವ ವಿದ್ಯೆ. ಒಂದೂವರೆ ಪುಟದ ಉತ್ತರವನ್ನು ಎರಡು ಸಲ ಓದಿದೆ. ಬರೆದವರಿಗೂ ಅರ್ಥವಾಗಿರಲಿಲ್ಲ ಎಂಬುದಷ್ಟೇ ಅರ್ಥವಾಯಿತು. ನೋಟ್‌ಬುಕ್ಕನ್ನು ಸ್ಟಾಫ್ ರೂಮಿನ ಬೀರುವಿನಲ್ಲಿಟ್ಟು ಬೀಗ ಹಾಕಿದೆ.

ಐಚ್ಛಿಕ ಇಂಗ್ಲಿಷ್ ತೆಗೆದುಕೊಂಡವರು ಹನ್ನೊಂದು ಜನ. ನಾಲ್ವರು ಹುಡುಗಿಯರು. ಅವರಿಗೆ ನಾನು ಇದ್ದದ್ದನ್ನು ಇದ್ದ ಹಾಗೆ ಹೇಳಿದೆ. ಆ ಕಾಲದ ನಾಟಕಕಾರರು, ಕವಿಗಳು ಆಕಾಶದಿಂದ ಇಳಿದು ಬಂದವರಲ್ಲ. ಚಮ್ಮಾರರ, ಕೈಗವಸು ಹೊಲಿಯುವವರ, ಇಟ್ಟಿಗೆ ಗೋಡೆ ಕಟ್ಟುವವರ ಮನೆಯ ಮಕ್ಕಳೂ ಅವರಲ್ಲಿದ್ದರು. ಊರಿನ ಶಾಲೆಯಲ್ಲಿ ಮೇಷ್ಟ್ರು ಕೋಲು ಹಿಡಿದು ಅವರಿಗೆ ಮೂರು ಕಸರತ್ತು ಕಲಿಸುತ್ತಿದ್ದರು. ಒಂದೇ ಮಾತನ್ನು ನೂರು ರೀತಿಯಲ್ಲಿ ಹೇಳುವುದು. ಒಂದೇ ವಿಷಯಕ್ಕೆ ಪರವಾಗಿಯೂ ವಿರುದ್ಧವಾಗಿಯೂ ವಾದಿಸುವುದು. ಮತ್ತೊಬ್ಬರಾಗಿ ನಿಂತು, ಅವರ ಸಂಕಟವನ್ನು ಅವರ ಬಾಯಿಂದಲೇ ಆಡುವುದು. ಹಾಗೆ ಪಳಗಿದ ಹುಡುಗರು ಬೆಳೆದು ನಾಟಕ ಬರೆದಾಗ ಕೊಲೆಗಾರನಿಗೂ ತನ್ನದೊಂದು ನ್ಯಾಯ ಸಿಕ್ಕಿತು, ರಾಜನಿಗೂ ಅನುಮಾನ ಹುಟ್ಟಿತು.

“ಹಂಗಾದ್ರೆ ನಾವೂ ಮಾಡೋಣ ಮೇಡಂ,” ಎಂದ ಹಿಂದಿನ ಬೆಂಚಿನವನೊಬ್ಬ. ತಮಾಷೆಗೆ ಅಂದಿರಬೇಕು. ನಾನು ಬಿಡಲಿಲ್ಲ.

‘ಬಸ್ಸು ಇವತ್ತೂ ನಿಲ್ಲಿಸಲಿಲ್ಲ’ ಎಂಬ ವಾಕ್ಯ ಕೊಟ್ಟೆ. ಇಂಗ್ಲಿಷಿನಲ್ಲಿ ಆರು ಬಗೆ ಬಂದವು, ಆಮೇಲೆ ನಿಂತುಹೋಯಿತು. ಕನ್ನಡದಲ್ಲಿ ಹೇಳಿ, ತೆಲುಗಿನಲ್ಲಿ ಹೇಳಿ ಎಂದೆ. ಐವತ್ತು ದಾಟಿತು. ಡ್ರೈವರನನ್ನು ಬೈಯುವ ಬಗೆಗಳೇ ಇಪ್ಪತ್ತಿದ್ದವು. ಪಕ್ಕದ ಕೊಠಡಿಯ ಅರ್ಥಶಾಸ್ತ್ರದ ಮೇಷ್ಟ್ರು ಬಾಗಿಲಿಗೆ ಬಂದು ಇಣುಕಿ ಹೋದರು.

ಆ ನಾಲ್ವರು ಹುಡುಗಿಯರಲ್ಲಿ ಒಬ್ಬಳಿಗೆ ಮದುವೆಯಾಗಿತ್ತು. ಬೈರಕೂರಿನ ಹತ್ತಿರದ ಹಳ್ಳಿಯ ಸೊಸೆ. ಮನೆಯಲ್ಲಿ ರೇಷ್ಮೆ ಹುಳ ಸಾಕುತ್ತಿದ್ದರು. ಅವಳ ಬೆರಳ ತುದಿಯಲ್ಲಿ ಹಿಪ್ಪುನೇರಳೆ ಸೊಪ್ಪಿನ ಕಲೆ ಯಾವಾಗಲೂ ಇರುತ್ತಿತ್ತು. ತರಗತಿಯಲ್ಲಿ ಬಾಯಿ ಬಿಡುತ್ತಿರಲಿಲ್ಲ. ದೀಪಾವಳಿ ಕಳೆದ ಮೇಲೆ ಒಂದು ದಿನ ವರಾಂಡದಲ್ಲಿ ನನ್ನನ್ನು ತಡೆದು, “ಮುಂದಿನ ತಿಂಗಳಿಂದ ಬರಲ್ಲ ಮೇಡಂ. ನಮ್ಮ ಮಾವ ಬೇಡ ಅಂತಾರೆ,” ಎಂದಳು.

“ಯಾಕಂತೆ?”

“ಸುಮ್ನೆ. ಬೇಡ ಅಂದ್ರೆ ಬೇಡ, ಅಷ್ಟೇ.”

“ಸುಮ್ಮನೆ ಯಾರೂ ಬೇಡ ಅನ್ನಲ್ಲ. ಅವರಿಗೇನೋ ಕಾರಣ ಇರುತ್ತೆ. ನಾಳೆ ಕ್ಲಾಸಲ್ಲಿ ನೀನೇ ನಿಮ್ಮ ಮಾವನಾಗಿ ನಿಂತು ಹೇಳು.”

ಬರಲಾರಳು ಎಂದುಕೊಂಡಿದ್ದೆ. ಬಂದಳು. ಮೇಜಿನ ಮುಂದೆ ನಿಂತು ಸೆರಗನ್ನು ಟವೆಲ್ಲಿನಂತೆ ಹೆಗಲ ಮೇಲೆ ಎಸೆದುಕೊಂಡಳು. ಹುಡುಗರು ನಕ್ಕರು.

“ಹುಳ ನಾಲ್ಕನೇ ಜ್ವರದಿಂದ ಎದ್ದೈತೆ,” ಎಂದು ಶುರುಮಾಡಿದಳು. ಹುಳ ಪೊರೆ ಬಿಡುವ ಮುಂಚಿನ ನಿದ್ದೆಗೆ ನಮ್ಮ ಕಡೆ ಜ್ವರ ಎನ್ನುತ್ತಾರೆ; ನಾಲ್ಕನೆಯದು ಕಳೆದ ಮೇಲೆ ಅದರ ಹಸಿವಿಗೆ ಮಿತಿಯಿಲ್ಲ. “ಎಷ್ಟು ಸೊಪ್ಪು ಹಾಕಿದ್ರೂ ಸಾಲ್ದು. ನನ್ನ ಹೆಂಡ್ತಿಗೆ ಮಂಡಿ ನೋವು. ಇವಳು ಪುಸ್ತಕ ಎತ್ಕೊಂಡು ಬಸ್ಸು ಹತ್ತಿದ್ರೆ ಮನೆ ನೋಡೋರ್ಯಾರು? ಅದೂ ಹೋಗ್ಲಿ. ಬಸ್‌ಸ್ಟಾಂಡಿನಾಗೆ ಕೂತೋರು ಏನೇನೋ ಆಡ್ತಾರೆ. ಅದೂ ಹೋಗ್ಲಿ ಅಂದ್ಕೊಳ್ಳಿ.” ಇಲ್ಲಿ ಅವಳ ಧ್ವನಿ ಇಳಿಯಿತು. “ನನ್ನ ಮಗ ಎಸ್ಸೆಸ್ಸೆಲ್ಸಿ ಫೇಲು. ನಾಳೆ ಇವಳು ಡಿಗ್ರಿ ಆಗಿ ಬಂದ್ಲು ಅನ್ನಿ, ಅವನು ಯಾರ ಮುಂದೆ ತಲೆಯೆತ್ತಿ ಕೂತ್ಕೋತಾನೆ? ಅಪ್ಪ ಆಗಿ ನಾನು ಅದನ್ನ ನೋಡ್ಕೊಂಡು ಇರ್ಬೇಕಾ?”

ಯಾರೂ ನಗಲಿಲ್ಲ. ಅವಳು ಬೆಂಚಿಗೆ ಹೋಗಿ ಕುಳಿತು, “ಮೇಡಂ, ಅವರ ಮಾತೇ ಗೆದ್ದುಬಿಡ್ತು,” ಎಂದಳು. ಆ ಕೊನೆಯ ಕಾರಣ ತನಗೆ ಗೊತ್ತಿದೆ ಎಂಬುದೇ ಅವಳಿಗೆ ಅದುವರೆಗೆ ಗೊತ್ತಿರಲಿಲ್ಲ.

“ಏಳು,” ಎಂದೆ. “ಉತ್ತರ ಕೊಡು.”

“ಅದೆಂಗೆ ಮೇಡಂ? ದೊಡ್ಡೋರಿಗೆ?”

“ನಿಂತ್ಕೊ.”

ನಿಂತಳು. ಮೊದಲು ತಡವರಿಸಿದಳು. ಆಮೇಲೆ ಎದುರಿನ ಖಾಲಿ ಕುರ್ಚಿಯನ್ನು ನೋಡುತ್ತ ನಿಧಾನವಾಗಿ ಹೇಳಿದಳು: “ಮಾವ, ಸೊಪ್ಪು ನಾನು ಬೆಳಗಾಗೆದ್ದು ಕಿತ್ತು, ಹುಳಕ್ಕೆ ಹಾಕೇ ಬರ್ತಾ ಇದೀನಿ. ಸಾಯಂಕಾಲ ಬಂದು ಮತ್ತೆ ಹಾಕ್ತೀನಿ. ಒಂದು ದಿನ ತಪ್ಪಿದ್ರೆ ಹೇಳಿ. ಬಸ್‌ಸ್ಟಾಂಡಿನೋರು ನಾನು ಮನೇಲಿದ್ರೂ ಆಡ್ತಾರೆ. ಇನ್ನು ನಿಮ್ಮ ಮಗ. ಅವರನ್ನ ಚಿಕ್ಕೋರು ಅಂತ ನಾನು ಯಾವತ್ತೂ ಅಂದಿಲ್ಲ. ಅಂದೋರು ನೀವು.”

ಹಿಂದಿನ ಬೆಂಚಿನವನು ಮೇಜು ಗುದ್ದಿದ.

ಇದಾಗಿ ನಾಲ್ಕೈದು ದಿನಕ್ಕೆ ಅವಳ ಮಾವ ಕಾಲೇಜಿಗೆ ಬಂದರು. ಬಿಳಿ ಪಂಚೆ, ಹೆಗಲ ಮೇಲೆ ಟವೆಲ್. ಪ್ರಾಂಶುಪಾಲರು ನನ್ನನ್ನು ತಮ್ಮ ಕೋಣೆಗೆ ಕರೆಸಿದರು.

“ಏಮಮ್ಮಾ, ನೀವೇನಾ ಆ ಮೇಡಮ್ಮು?” ಎಂದರು ಮಾವ. “ನಿನ್ನೆ ರಾತ್ರಿ ಮನೇಲಿ ನಾನು ಬಾಯಿ ತೆಗೆಯೋಕೆ ಮುಂಚೆ ನನ್ನ ಮಾತೆಲ್ಲಾ ನನ್ನ ಸೊಸೇನೇ ಹೇಳ್ಬಿಟ್ಲು. ಹುಳದ್ದು, ಮಂಡಿನೋವಿಂದು, ಮಗನದ್ದು. ಇನ್ನು ನನಗೇನು ಉಳೀತು ಹೇಳೋಕೆ?”

“ಅವಳು ಹೇಳಿದ್ದರಲ್ಲಿ ತಪ್ಪೇನಾದ್ರೂ ಇತ್ತಾ ಅಯ್ಯಾ?”

“ಅದೇ ತಾನೇ ತೊಂದ್ರೆ! ಒಂದೂ ತಪ್ಪಿರ್ಲಿಲ್ಲ. ಆಮೇಲೆ ಒಂದೊಂದಕ್ಕೂ ಉತ್ತರ ಕೊಟ್ಲು. ಗಟ್ಟಿಯಾಗಿ ಕೂಡ ಮಾತಾಡ್ಲಿಲ್ಲ. ಕೂಗಾಡಿದ್ರೆ ನಾನೂ ಕೂಗಾಡ್ತಿದ್ದೆ.”

ಅವರು ಸಿಟ್ಟಿನಲ್ಲಿದ್ದರೋ ಕಕ್ಕಾಬಿಕ್ಕಿಯಾಗಿದ್ದರೋ ಹೇಳುವುದು ಕಷ್ಟ. ಪ್ರಾಂಶುಪಾಲರು ಮಾತ್ರ ಸಿಟ್ಟಿನಲ್ಲಿದ್ದರು. “ಗಂಡುಮಕ್ಕಳಿಗೆ ವಾದ ಕಲಿಸಿದ್ರೆ ಲಾಯರ್ ಆಗ್ತಾರೆ. ಹೆಣ್ಣುಮಕ್ಕಳಿಗೆ ಕಲಿಸಿದ್ರೆ ಮನೆ ಮುರಿಯುತ್ತೆ,” ಎಂದರು.

ನನಗೆ ನಗು ಬಂತು. ಹೆಣ್ಣು ಕಾವ್ಯ ಓದಲಿ, ಧರ್ಮಗ್ರಂಥ ಓದಲಿ, ಈ ವಾಗ್ವಿದ್ಯೆ ಮಾತ್ರ ಅವಳಿಗೇಕೆ ಎಂದು ಪುನರುಜ್ಜೀವನದ ಪಂಡಿತರೂ ಬರೆದಿದ್ದರು. ನಾಲ್ಕೈದು ಶತಮಾನ ಕಳೆದು, ಸಮುದ್ರ ದಾಟಿ, ಅದೇ ಮಾತು ಮುಳಬಾಗಿಲಿನ ಒಂದು ಕೋಣೆಯಲ್ಲಿ ಕೇಳಿಸುತ್ತಿತ್ತು. ಅದನ್ನು ಹಾಗೆಯೇ ಅವರಿಗೆ ಹೇಳಿದೆ. ಹೇಳಬಾರದಿತ್ತೇನೋ. ಮಾರನೆಯ ದಿನ ಮೆಮೊ ಬಂತು: ಪಠ್ಯಕ್ಕೆ ಸಂಬಂಧಿಸದ ಬೋಧನೆ, ಇಂಗ್ಲಿಷ್ ತರಗತಿಯಲ್ಲಿ ಇತರ ಭಾಷೆಗಳ ಬಳಕೆ, ಹಿರಿಯರ ವಿರುದ್ಧ ವಿದ್ಯಾರ್ಥಿಗಳಿಗೆ ಪ್ರಚೋದನೆ. ಮೂರು ದಿನದೊಳಗೆ ವಿವರಣೆ ಕೊಡಬೇಕು.

ನಾಲ್ಕು ಪುಟ ಬರೆದೆ. ಹಳೆಯ ವಾಗ್ಮಿಗಳು ಹಾಕಿಕೊಟ್ಟ ಕ್ರಮದಲ್ಲೇ ಬರೆದೆ. ಮೊದಲು ಓದುವವರ ಮನಸ್ಸು ಮೆತ್ತಗಾಗುವಂತೆ ಎರಡು ಮಾತು, ಆಮೇಲೆ ನಡೆದ ಸಂಗತಿ, ನನ್ನ ಸಮರ್ಥನೆ, ಅವರ ಮೂರು ಆರೋಪಗಳಿಗೂ ಒಂದೊಂದಾಗಿ ಉತ್ತರ, ಕಡೆಗೆ ಮುಕ್ತಾಯ. ಮುಕ್ತಾಯದ ಹೊತ್ತಿಗೆ ಮೆತ್ತಗಿನ ಮಾತು ನನ್ನಲ್ಲಿ ಉಳಿದಿರಲಿಲ್ಲ. ‘ಪಠ್ಯದಲ್ಲಿ ಇರುವುದನ್ನೇ ಕಲಿಸಿದ್ದೇನೆ. ಅದು ಅವರಿಗೆ ನಿಜವಾಗಿ ಬಂದುಬಿಟ್ಟಿದ್ದಕ್ಕೆ ನಾನು ಕ್ಷಮೆ ಕೇಳುವುದಿಲ್ಲ’ ಎಂದು ಬರೆದು ಸಹಿ ಹಾಕಿದೆ.

ಪ್ರಾಂಶುಪಾಲರು ಪೂರ್ತಿ ಓದಿದರು. ಕೆಟ್ಟ ಮನುಷ್ಯರೇನಲ್ಲ. ಕನ್ನಡಕ ತೆಗೆದು, “ಚೆನ್ನಾಗಿ ಬರ್ದಿದೀರಿ. ಇದನ್ನ ವಾಪಸ್ ತಗೊಂಡು ನಾಲ್ಕು ಸಾಲು ತಪ್ಪೊಪ್ಪಿಗೆ ಬರ್ಕೊಡಿ ಅಮ್ಮ. ಆಡಳಿತ ಮಂಡಳಿಯವರಿಗೆ ನಾನು ಹೇಳ್ಕೋತೀನಿ. ಕೆಲಸ ಉಳಿಯುತ್ತೆ,” ಎಂದರು.

“ಇಲ್ಲ ಸಾರ್.”

“ಯೋಚನೆ ಮಾಡಿ.”

“ಮಾಡೇ ಬರ್ದಿದೀನಿ ಸಾರ್.”

ಪರೀಕ್ಷೆ ಮುಗಿಯುವ ತನಕ ಇಟ್ಟುಕೊಂಡರು. ಬೇರೆ ಯಾರೂ ಸಿಗಲಿಲ್ಲ, ಅದಕ್ಕೆ. ನಾನು ಅದೇ ರೀತಿ ಪಾಠ ಮಾಡಿದೆ, ಬಾಗಿಲು ತೆರೆದಿಟ್ಟುಕೊಂಡೇ ಮಾಡಿದೆ. ಬೈರಕೂರಿನ ಹುಡುಗಿ ಕಾಲೇಜು ಬಿಡಲಿಲ್ಲ. ಮಾವ ಒಪ್ಪಿದರೇ ಎಂದು ಕೇಳಿದ್ದಕ್ಕೆ, “ಒಪ್ಪಿಲ್ಲ. ಬೇಡ ಅನ್ನೋದು ನಿಲ್ಲಿಸವ್ರೆ,” ಎಂದಳು. ಗಂಡ ಒಂದೆರಡು ಸಲ ಅವಳನ್ನು ಸೈಕಲ್ಲಿನಲ್ಲಿ ಕರೆತಂದು ಗೇಟಿನ ಹತ್ತಿರ ಬಿಟ್ಟು ಹೋದದ್ದನ್ನು ನಾನೇ ನೋಡಿದೆ. ಅವನು ಒಂದು ಸಲವೂ ತಲೆ ತಗ್ಗಿಸಿಕೊಂಡಿರಲಿಲ್ಲ.

ಹನ್ನೊಂದು ಜನರಲ್ಲಿ ಇಬ್ಬರು ಫೇಲಾದರು. ಅವಳು ಒಂದು ಪೇಪರ್ ಬರೆಯಲೇ ಇಲ್ಲ. ಆ ದಿನವೇ ಹುಳ ಹಣ್ಣಾಗಿ ಗೂಡು ಕಟ್ಟಲು ನಿಂತವು, ಮನೆಯವರೆಲ್ಲ ಕೈ ಹಾಕಿದರೂ ಸಾಲದಾಯಿತು. ಅಕ್ಟೋಬರಿನಲ್ಲಿ ಬರೆದು ಪಾಸು ಮಾಡಿಕೊಂಡಳೆಂದು ಆಮೇಲೆ ಕಾಗದ ಬರೆದಿದ್ದಳು.

ಜೂನಿನಲ್ಲಿ ನನಗೆ ಮರುನೇಮಕದ ಆದೇಶ ಬರಲಿಲ್ಲ. ಮನೆಗೆ ಬಂದೆ. “ನಾಲ್ಕು ಸಾಲು ಬರ್ದಿದ್ರೆ ನಿನ್ನ ಗಂಟೇನು ಹೋಗ್ತಿತ್ತೇ?” ಎಂದು ಅಮ್ಮ ಬೈದಳು. ಒಂದು ವರ್ಷ ಮಾಲೂರಿನಲ್ಲಿ ಎಸ್ಸೆಸ್ಸೆಲ್ಸಿ ಫೇಲಾದವರಿಗೆ ಟ್ಯೂಷನ್ ಹೇಳಿಕೊಟ್ಟೆ. ಆಮೇಲೆ ಕೋಲಾರದ ಒಂದು ಕಾಲೇಜಿಗೆ ಸಂದರ್ಶನಕ್ಕೆ ಹೋದೆ. ಮುಳಬಾಗಿಲಿನ ಕೆಲಸ ಯಾಕೆ ಬಿಟ್ಟಿರಿ ಎಂದು ಕೇಳಿದರು. ಬಿಟ್ಟಿದ್ದಲ್ಲ, ಬಿಡಿಸಿದರು ಎಂದೆ. ಯಾಕೆ ಎಂದರು. ಇದ್ದದ್ದನ್ನೆಲ್ಲ ಹೇಳಿದೆ, ಮೆಮೊದ ಮೂರು ಆರೋಪ ಸಮೇತ. ಕುಳಿತಿದ್ದ ಐವರೂ ಒಬ್ಬರ ಮುಖ ಒಬ್ಬರು ನೋಡಿಕೊಂಡರು.

ಅಲ್ಲಿ ಕೆಲಸ ಸಿಗಲಿಲ್ಲ. ಶ್ರೀನಿವಾಸಪುರದಲ್ಲೂ ಅದೇ ಪ್ರಶ್ನೆ ಕೇಳಿದರು, ಅದೇ ಉತ್ತರ ಕೊಟ್ಟೆ. ಅಲ್ಲಿ ಸಿಕ್ಕಿತು.