ಸನ್ಮಾನದ ಭಾನುವಾರ

ಸಿನಿಮಾ ನೋಡಿ ಅಳುವ ಚಾಳಿ ನನಗಿಲ್ಲ. ಆದರೆ ಆ ಕೊರಿಯನ್ ಸಿನಿಮಾ ನೋಡಿದ ದಿನ ಮೈಯೆಲ್ಲ ಉರಿದುಹೋಯಿತು. ಕಿವಿ ಕೇಳದ ಮಕ್ಕಳ ಶಾಲೆ. ಕಾಯಬೇಕಾದವರೇ ಮಕ್ಕಳನ್ನು ಹಿಂಸಿಸುತ್ತಾರೆ. ಮಕ್ಕಳು ಕೋರ್ಟಿನಲ್ಲಿ ಕೈಸನ್ನೆಯಲ್ಲೇ ಎಲ್ಲ ಹೇಳುತ್ತಾರೆ, ಪಾಪ. ಅಷ್ಟರಲ್ಲಿ ದೊಡ್ಡವರು ರಾಜಿಯಾಗಿರುತ್ತಾರೆ, ತಪ್ಪಿತಸ್ಥರು ನಗುತ್ತ ಹೊರಗೆ ಬರುತ್ತಾರೆ. ಬೇಲಿಯೇ ಎದ್ದು ಹೊಲ ಮೇಯ್ದರೆ ಯಾರಿಗೆ ಹೇಳುವುದು?

ಫಾರ್ಮಿಂಗ್ಟನ್ ಹಿಲ್ಸ್‌ನ ನಮ್ಮ ಮನೆಯ ಬೇಸ್‌ಮೆಂಟಿನಲ್ಲಿ ನನ್ನ ಜೊತೆ ಅದನ್ನು ನೋಡಿದವರು ನನ್ನ ಗೆಳತಿ ಮತ್ತು ಅವಳ ಹದಿಮೂರರ ಮಗಳು. ಮುಗಿದ ಮೇಲೆ ಹುಡುಗಿ, "ಡಿಡ್ ಎನಿಬಡಿ ಸೇ ಸಾರಿ ಟು ದೆಮ್, ಆಂಟಿ?" ಎಂದಳು. ಗೆಳತಿ ಎದ್ದು ಟಿವಿ ಆರಿಸಿದಳು.

ಹುಡುಗಿ ಯಾಕೆ ಕೇಳಿದಳೆಂದು ನಮಗೆ ಗೊತ್ತಿತ್ತು. ನಮ್ಮ ಕನ್ನಡ ಕೂಟದ ಭಾನುವಾರದ ಕ್ಲಾಸಿನಲ್ಲಿ, ಎದುರು ಮಾತಾಡಿದಳೆಂದು ಮೇಷ್ಟ್ರು ಅವಳನ್ನು ಕತ್ತಲೆಯ ಸ್ಟೋರ್ ರೂಮಿನಲ್ಲಿ ಕೂಡಿಹಾಕಿದ್ದರು. ಕ್ಲಾಸು ಮುಗಿಯುವವರೆಗೂ ಅವಳು ಬಾಗಿಲು ಬಡಿದಿದ್ದಳು. ಕಮಿಟಿಯವರು ಸೇರಿ, "ಹಿರಿಯರು, ಹೋಗ್ಲಿ ಬಿಡಿ" ಎಂದು ತಿಪ್ಪೆ ಸಾರಿಸಿದರು.

"ನೀನಾದ್ರೂ ಮಾತಾಡ್ಬಾರ್ದೇನೇ?" ಎಂದು, ಹುಡುಗಿ ಮೇಲಕ್ಕೆ ಹೋದ ಮೇಲೆ ಗೆಳತಿಯನ್ನು ಗದರಿದೆ.

"ಏನ್ ಮಾಡ್ಲಿ? ನಮ್ಮನೆಯವರ ಕೆಲಸ ಹೋಗಿದೆ. ಕಾರ್ ಕಂಪನಿಗಳಲ್ಲಿ ಎಲ್ಲೂ ತೊಗೋತಿಲ್ಲ. ಕೂಟದ ಪ್ರೆಸಿಡೆಂಟು ತಮ್ಮ ಆಫೀಸಲ್ಲಿ ರೆಫರ್ ಮಾಡ್ತೀನಿ ಅಂದಿದಾರೆ. ಈಗ ಗಲಾಟೆ ಮಾಡಿದ್ರೆ ಮನೆ ಖಾಲಿ ಮಾಡ್ಕೊಂಡು ಹೋಗ್ಬೇಕಾಗತ್ತೆ."

ಕಾರ್ ಕಂಪನಿಗಳು ಮುಳುಗಿದ ಆ ಹಾಳು ವರ್ಷಗಳಲ್ಲಿ ನಮ್ಮ ಬಡಾವಣೆಯಲ್ಲೇ ಎಷ್ಟೋ ಮನೆಗಳ ಮುಂದೆ ಮಾರಾಟದ ಬೋರ್ಡಿತ್ತು.

ಕೂಟದ ವಾರ್ಷಿಕೋತ್ಸವದಲ್ಲಿ ಅದೇ ಮೇಷ್ಟ್ರಿಗೆ ಸನ್ಮಾನ. ಶಾಲು, ಹಾರ, ಹಣ್ಣಿನ ತಟ್ಟೆ. ಆಮೇಲೆ ಮಕ್ಕಳು ಸಾಲಾಗಿ ಬಂದು ಕಾಲಿಗೆ ನಮಸ್ಕಾರ ಮಾಡಬೇಕು. ನಮ್ಮಲ್ಲಿ ಅದು ಮೊದಲಿನಿಂದಲೂ ನಡೆದು ಬಂದದ್ದು. "ನಿಮ್ಮ ಮಗಳೇ ಮೊದಲು ಮಾಡ್ಬಿಡ್ಲಿ, ಎಲ್ಲಾ ಸರಿಹೋಗತ್ತೆ" ಎಂದರಂತೆ ಪ್ರೆಸಿಡೆಂಟು. ಬಗ್ಗಿಸಿ ನಮಸ್ಕಾರ ಮಾಡಿಸಿದರೆ ಎಲ್ಲ ತೊಳೆದುಹೋಗುತ್ತದೆಂದು ನಂಬುವ ಜನ ನಾವು! ಗೆಳತಿ ಒಪ್ಪಿಕೊಂಡಳು.

ಹುಡುಗಿ ರೇಷ್ಮೆ ಲಂಗ ಉಟ್ಟು ವೇದಿಕೆ ಹತ್ತಿದಳು. ಮೇಷ್ಟ್ರ ಎದುರು ನಿಂತಳು. ಬಗ್ಗಲಿಲ್ಲ. ಎರಡೂ ಕೈಗಳನ್ನು ಹಿಂದೆ ಕಟ್ಟಿಕೊಂಡು ಇಲ್ಲವೆಂದು ತಲೆಯಾಡಿಸಿದಳು. ಹಾಲಿನಲ್ಲಿ ಗುಸುಗುಸು ಶುರುವಾಯಿತು. ಪ್ರೆಸಿಡೆಂಟು ಮೈಕು ಹಿಡಿದು, "ಮಾಡು ಪುಟ್ಟಾ, ನಾಚ್ಕೋಬೇಡ" ಎಂದರು. ಅವಳು ಕದಲಲಿಲ್ಲ. ನನ್ನ ಎದೆ ಉಬ್ಬಿತು, ಭೇಷ್ ಮಗಳೇ ಎಂದುಕೊಂಡೆ.

ಆಗ ನನ್ನ ಪಕ್ಕ ಕೂತಿದ್ದ ಗೆಳತಿ ಎದ್ದಳು. ಸೆರಗು ಸರಿಮಾಡಿಕೊಂಡು ಓಡಿಹೋಗಿ, ಮಗಳ ಬದಲು ತಾನೇ ಮೇಷ್ಟ್ರ ಕಾಲು ಮುಟ್ಟಿ ನಮಸ್ಕಾರ ಮಾಡಿದಳು. ಅವರು ತಲೆಯ ಮೇಲೆ ಕೈಯಿಟ್ಟು ಹರಸಿದರು. ಹಾಲೆಲ್ಲ ಚಪ್ಪಾಳೆ.

"ನಿಲ್ಸ್ರೀ ಚಪ್ಪಾಳೆ! ಮಾನ ಮರ್ಯಾದೆ ಇಲ್ವಾ?" ಎಂದು ನಾನು ಕೂಗಿದೆ. ಮುಂದಿನ ಸಾಲಿನ ಒಬ್ಬಿಬ್ಬರು ತಿರುಗಿ ನೋಡಿದರು, ಅಷ್ಟೆ.

ಹುಡುಗಿ ಕೆಳಗಿಳಿದು ನನ್ನ ಹತ್ತಿರ ಬಂದು ನಿಂತಳು. ಕಣ್ಣಲ್ಲಿ ಒಂದು ಹನಿ ನೀರಿಲ್ಲ. ಹಿಂದೆಯೇ ಬಂದ ಗೆಳತಿ ಅವಳ ಕೈ ಹಿಡಿಯಹೋದಳು. ಅವಳು ಕೈ ಎಳೆದುಕೊಂಡಳು.

"ಬಾಗಿಲು ಬಡೀವಾಗ ನಿನ್ನನ್ನೇ ಕರೀತಿದ್ದೆ, ಅಮ್ಮ" ಎಂದಳು.