ಸೋಮವಾರ ಬಂದಿದ್ದ ತಹಸೀಲ್ದಾರರು

ತಹಸೀಲ್ದಾರರು ಬಂದಿದ್ದರು. ಬಂದಿಲ್ಲವೆಂದು ಕೋರ್ಟಿನಲ್ಲಿ ಹೇಳಿದವಳು ನಾನು. ನಡೆದದ್ದು ಇಷ್ಟೇ.

ಆ ತಹಸೀಲ್ದಾರರು ನೀವು, ಸ್ವಾಮಿ. ಈಗ ಎಲ್ಲಿದ್ದೀರೋ ತಿಳಿಯದು. ಹೊಸದುರ್ಗದ ಕಡೆ ಅಂದರು ಒಬ್ಬರು, ನೌಕರಿ ಮುಗಿಯಿತು ಅಂದರು ಇನ್ನೊಬ್ಬರು.

ನಮ್ಮ ಹೊಲಕ್ಕೆ ಹೋಗುವ ಬಂಡಿದಾರಿಗೆ ಪಕ್ಕದವನು ಗುಂಡಿ ತೋಡಿ ಜಾಲಿಮುಳ್ಳು ಹಾಕಿದ್ದ. ಬಿಡಿಸಿಕೊಡಿ ಎಂದು ಬೆಂಗಳೂರಿನ ಕೋರ್ಟು ಆದೇಶ ಮಾಡಿತು. ನಿಮಗಿಂತ ಮುಂಚೆ ಇದ್ದವನು ಆ ಆದೇಶವನ್ನು ತಿರುಗಿಯೂ ನೋಡಲಿಲ್ಲ. ಕಚೇರಿ ಮೆಟ್ಟಿಲ ಮೇಲೆ ಕೂತು ಕೂತು ನನ್ನ ಸೊಂಟ ಹಿಡಿದುಹೋಯಿತು. ಒಮ್ಮೆ ಜೀಪು ಹತ್ತುತ್ತಾ, "ಈ ಮುದುಕಿಗೆ ಬೇರೆ ಕೆಲ್ಸ ಇಲ್ಲೇನ್ರಲೇ" ಅಂದ. ಆವತ್ತೇ ಲಾಯರಿಗೆ ಹೇಳಿ ನ್ಯಾಯಾಂಗ ನಿಂದನೆ ಕೇಸು ಹಾಕಿಸಿದೆ. ಅದು ತಪ್ಪಲ್ಲ; ಇವತ್ತೂ ಹಾಕಿಸುತ್ತೇನೆ. ಆದರೆ ಅವನಿಗೆ ವರ್ಗವಾಯಿತು, ಆ ಕುರ್ಚಿಗೆ ನೀವು ಬಂದಿರಿ; ಕೇಸೂ ನಿಮ್ಮ ತಲೆಗೆ ಬಂತು.

ಬಂದ ಕೆಲವೇ ದಿನಕ್ಕೆ ಸರ್ವೆಯವರನ್ನೂ ಜೆಸಿಬಿಯನ್ನೂ ಕರಕೊಂಡು ಹೊಲಕ್ಕೆ ಬಂದಿರಿ. ಆ ದಿನ ಸೋಮವಾರ. ಬಸವಣ್ಣನ ವಾರ ನಾವು ಎತ್ತಿಗೆ ನೊಗ ಇಡುವುದಿಲ್ಲ, ನೆಲಕ್ಕೆ ಗುದ್ದಲಿ ಹಾಕುವುದಿಲ್ಲ. ಜೆಸಿಬಿ ಮುಂದೆ ನಿಂತು, ಇವತ್ತು ನೆಲ ಮುಟ್ಟಬೇಡಿ ಅಂದೆ. ನಿಮ್ಮ ಗುಮಾಸ್ತ ಸಿಡುಕಿದ—ಅರ್ಜಿ ಹಾಕಿದವರೇ ಅಡ್ಡಿ ಮಾಡಿದರೆಂದು ಪಂಚನಾಮೆ ಬರೆಯುತ್ತೇನೆ, ಹೆಬ್ಬೆಟ್ಟು ಒತ್ತಿಸಿಕೊಳ್ಳೋಣ ಅಂದ.

"ಅಜ್ಜಿ ಮ್ಯಾಲೆ ಏನ್ ಬರೀತೀಯಪ್ಪ, ಬಿಡು. ಇನ್ನೊಂದಿನ ಬರಾಣ" ಅಂದಿರಿ ನೀವು. ನಮ್ಮ ಮನೆಯ ಮಜ್ಜಿಗೆ ಕುಡಿದು ಹೋದಿರಿ.

ಆಮೇಲೆ ಚುನಾವಣೆ ಕೆಲಸ ಬಂತು, ನೀವು ಬರುವುದು ತಡವಾಯಿತು. ಲಾಯರು ಫೋನು ಮಾಡಿ ಯಾರಾದರೂ ಬಂದಿದ್ದರಾ ಎಂದು ಕೇಳಿದರು. ಯಾರೂ ಬಂದಿಲ್ಲ ಅಂದೆ. ಯಾಕೆ ಹಾಗಂದೆ—ನಿಮ್ಮ ಮೇಲೆ ಸಿಟ್ಟಿರಲಿಲ್ಲ. ಆ ಕುರ್ಚಿಯಲ್ಲಿ ಕೂರುವವನು ಒಂದು ದಿನ ಕೋರ್ಟಿನಲ್ಲಿ ನಿಲ್ಲಬೇಕು, ನಾನು ಕಣ್ಣಾರೆ ನೋಡಬೇಕು ಅನ್ನುವ ಆಸೆ. ಯಾವನು ಕೂತಿದ್ದಾನೆಂದು ನೋಡದೆ ಹೋದೆ. ಅಲ್ಲ—ನೋಡಿದ್ದೆ.

ಖುದ್ದು ಹಾಜರಾಗಬೇಕೆಂದು ನಿಮಗೆ ಆದೇಶ ಬಂತು. ಬೆಳಿಗ್ಗೆಯಿಂದ ಕೈಕಟ್ಟಿ ಗೋಡೆಯ ಬದಿಗೆ ನಿಂತಿದ್ದಿರಿ. ನಮ್ಮ ಕೇಸು ಕೂಗಿದ್ದು ಮಧ್ಯಾಹ್ನವಾದ ಮೇಲೆ. ಹೋಗಿದ್ದೆ ಸ್ವಾಮಿ, ಸೋಮವಾರ ಅಂತ ಅಜ್ಜಿ ಬೇಡವೆಂದರು ಎಂದಿರಿ. ಪಂಚನಾಮೆ ಎಲ್ಲಿ ಎಂದು ಜಡ್ಜು ಕೇಳಿದರು. ಇರಲಿಲ್ಲ. ಹಿಂದೆ ಕೂತವರು ನಕ್ಕರು. ಜಡ್ಜು ನನ್ನನ್ನೇ ಮುಂದೆ ಕರೆದು ಕನ್ನಡದಲ್ಲಿ ಕೇಳಿದರು, ಇವರು ಬಂದಿದ್ದರೇನಮ್ಮ ಎಂದು. ನೀವು ನನ್ನ ಮುಖ ನೋಡಿದಿರಿ—ಭಯದಿಂದಲ್ಲ, ಅಜ್ಜಿ ಈಗ ಹೇಳುತ್ತಾಳೆ ಅನ್ನುವ ಹಾಗೆ.

"ಬಂದಿಲ್ಲ ಸ್ವಾಮಿ."

ನೀವು ತಲೆ ತಗ್ಗಿಸಿದಿರಿ. ಕ್ಷಮೆ ಕೇಳಿದಿರಿ. ವಾರದೊಳಗೆ ದಾರಿ ಬಿಡಿಸುವುದಾಗಿ ಒಪ್ಪಿಕೊಂಡಿರಿ, ಬಿಡಿಸಿಯೂ ಕೊಟ್ಟಿರಿ. ಆಮೇಲೆ ನೀವು ಪಂಚನಾಮೆ ಬರೆಸದೆ ಯಾರ ಬಾಗಿಲಿನಿಂದಲೂ ಹೊರಡುತ್ತಿರಲಿಲ್ಲವಂತೆ. ಯಾರ ಮನೆಯ ಮಜ್ಜಿಗೆಯನ್ನೂ ಮುಟ್ಟುತ್ತಿರಲಿಲ್ಲವಂತೆ.

ಆದೇಶ ತುಳಿದವನನ್ನು ಕೋರ್ಟು ಎಳೆದು ತಂದು ನಿಲ್ಲಿಸಲಿ. ಇಲ್ಲದಿದ್ದರೆ ನನ್ನಂಥವಳಿಗೆ ಸಿಕ್ಕ ಆದೇಶ ಒಲೆ ಹಚ್ಚುವುದಕ್ಕೆ ಸರಿ. ಆದರೆ ಮೊದಲು ಕೇಳಬೇಕು—ತುಳಿದವನು ಇವನೇನಾ? ಜಡ್ಜು ಕೇಳಿದರು. ಕೇಳಿದ್ದು ನನ್ನನ್ನು.

ಅವತ್ತು ಕೋರ್ಟಿನ ಹೊರಗೆ ನೀವೇ ಬಂದು, "ಅಜ್ಜಿ, ಊಟ ಆತಾ? ಊರಿಗೆ ಬಸ್ಸು ಐತಾ?" ಎಂದು ಕೇಳಿದಿರಿ. ನಾನು ಸೆರಗು ಸರಿ ಮಾಡಿಕೊಳ್ಳುತ್ತಾ ಬೇರೆ ಕಡೆ ನೋಡಿದೆ.

ಮರುದಿನ ಬೆಳಿಗ್ಗೆ ನಲ್ಲಿಯ ಹತ್ತಿರ ಹೆಂಗಸರು ಸುತ್ತಿಕೊಂಡರು, ಆಫೀಸರು ಹ್ಯಾಗೆ ನಿಂತಿದ್ದ ಎಂದು ಕೇಳಿದರು. ಕೊಡ ಕೆಳಗಿಟ್ಟು, ಕೈಕಟ್ಟಿ, ತಲೆ ತಗ್ಗಿಸಿ ನಿಂತು ತೋರಿಸಿದೆ. ಬಿದ್ದು ಬಿದ್ದು ನಕ್ಕರು. ಇನ್ನೊಂದು ಸಲ ತೋರಿಸು ಅಂದರು. ತೋರಿಸಿದೆ.