ಅಡುಗೆಮನೆ ಸಿಸ್ಟರ್ ಕೊಟ್ಟ ಚೂರು

ಕಳೆದ ವಾರ ನಂಜನಗೂಡಿನ ಬಸ್ ಸ್ಟ್ಯಾಂಡ್ ಹತ್ತಿರ ಹೊಸದಾಗಿ ತೆರೆದ ಐಸ್‌ಕ್ರೀಮ್ ಅಂಗಡಿಯ ಮುಂದೆ ಕಾಲು ತಾನಾಗಿ ನಿಂತಿತು. ಒಳಗೆ ಒಬ್ಬ ಕಾದ ಕಬ್ಬಿಣದ ಅಚ್ಚಿನ ಮೇಲೆ ಹಿಟ್ಟು ಹುಯ್ದು, ಮುಚ್ಚಿ ಒತ್ತಿ, ಬಿಸಿಬಿಸಿಯಾಗಿ ಕೋನ್ ಸುತ್ತುತ್ತಿದ್ದ. ತೆಳುವಾದ ಹಿಟ್ಟು ಅರ್ಧ ಬೆಂದು ಅರ್ಧ ಸೀದ ವಾಸನೆ... ಜೊತೆಯಲ್ಲಿದ್ದ ನನ್ನ ಹಳೆಯ ಗೆಳತಿ ಮೂಗು ಅರಳಿಸಿ, "ಆ ಸಿಸ್ಟರ್ ಅಡ್ಗೆಮನೆ ವಾಸ್ನೆ ಕಣೇ" ಅಂದಳು.

ನನ್ನದು ಸಂಶಯದ ಬುದ್ಧಿ. ತರಕಾರಿಯವನ ತಕ್ಕಡಿಯನ್ನು ಬಗ್ಗಿ ನೋಡುವವಳು ನಾನು. ಯಾರಾದರೂ ಸುಮ್ಮಸುಮ್ಮನೆ ಒಳ್ಳೆಯದು ಮಾಡಿದರೆ, ಇವರಿಗೆ ನನ್ನಿಂದ ಏನಾಗಬೇಕೋ ಅಂತಲೇ ಮೊದಲು ಯೋಚಿಸುತ್ತೇನೆ. ಈ ಬುದ್ಧಿ ಗಟ್ಟಿಯಾಗಿ ಅಂಟಿಕೊಂಡದ್ದು ನಾನು ಓದಿದ ಹೈಸ್ಕೂಲಿನಲ್ಲಿ.

ಅದು ಸರ್ಕಾರದ ಅನುದಾನದಲ್ಲಿ ಕ್ಯಾಥೊಲಿಕ್ ಸಿಸ್ಟರ್‌ಗಳು ನಡೆಸುತ್ತಿದ್ದ ಸ್ಕೂಲು. ಹತ್ತನೇ ಕ್ಲಾಸಿನಲ್ಲಿ ವರ್ಷಾವರ್ಷ ನೂರಕ್ಕೆ ನೂರು ಪಾಸು. ಗೇಟಿನ ಪಕ್ಕದ ಗೋಡೆಯ ಮೇಲೆ ದೊಡ್ಡದಾಗಿ ಬರೆಸಿದ್ದರು. ಬದನವಾಳು ಕಡೆಯ ನಮ್ಮೂರಿಂದ ಬಸ್ಸಿನಲ್ಲಿ ನೇತಾಡಿಕೊಂಡು ಬರುತ್ತಿದ್ದ ನಮಗೆ ಅಲ್ಲಿ ಸೀಟು ಸಿಕ್ಕಿದ್ದೇ ಹೆಚ್ಚು. ಆದರೆ ಆ ನೂರು ಹೇಗೆ ಬರುತ್ತದೆ ಅನ್ನುವುದು ಎಲ್ಲರಿಗೂ ಗೊತ್ತಿತ್ತು. ಕ್ರಿಸ್‌ಮಸ್ ರಜೆಗೆ ಮೊದಲು ಒಂದು ಲಿಸ್ಟ್ ಆಗುತ್ತಿತ್ತು. ಫೇಲಾಗಬಹುದು ಅನ್ನಿಸಿದವರಿಗೆ "ಪ್ರೈವೇಟಾಗಿ ಕಟ್ಟಿ" ಅಂದು ಹೆಡ್‌ಮಿಸ್ ಹೊರಗೆ ಕಳಿಸುತ್ತಿದ್ದರು. ಆಮೇಲೆ ಅವರು ಫೇಲಾದರೂ ಸ್ಕೂಲಿನ ನೂರಕ್ಕೆ ಏನೂ ಆಗುವುದಿಲ್ಲ. ಆ ಲಿಸ್ಟ್ ಬರೆಯುವವರು ಯಾರು ಅನ್ನುವುದು ಮಾತ್ರ ನಮಗೆ ಗೊತ್ತಿರಲಿಲ್ಲ.

ಅರ್ಧವಾರ್ಷಿಕದಲ್ಲಿ ನನಗೆ ಗಣಿತದಲ್ಲಿ ಹನ್ನೊಂದು ಬಂತು. ಮಾರ್ಕ್ಸ್ ಕಾರ್ಡಿಗೆ ಅಪ್ಪನ ಸೈನು ನಾನೇ ಹಾಕಿದೆ. ನನ್ನ ಬೆಂಚಿನವಳಿಗೆ, ಅಂದರೆ ಈಗ ಅಂಗಡಿಯ ಮುಂದೆ ಜೊತೆಗಿದ್ದವಳಿಗೇ, ಒಂಬತ್ತು. ಅದಾಗಿ ಮೂರು ದಿನಕ್ಕೆ ಕಾನ್ವೆಂಟಿನ ಅಡುಗೆ ನೋಡಿಕೊಳ್ಳುತ್ತಿದ್ದ ವಯಸ್ಸಾದ ಸಿಸ್ಟರ್ ನಮ್ಮಿಬ್ಬರನ್ನೂ ಕರೆದರು. ಮಂಗಳೂರು ಕಡೆಯವರು. "ಸ್ಕೂಲ್ ಬಿಟ್ಟ ಮೇಲೆ ಹಿಂದಿನ ಜಗಲಿಗೆ ಬನ್ನಿ ಮಕ್ಕಳೇ. ನಿಮ್ಮ ಬಸ್ಸಿಗೆ ಇನ್ನೂ ಒಂದು ಗಂಟೆ ಉಂಟಲ್ಲ" ಅಂದರು.

ಅವರು ಟೀಚರ್ ಅಲ್ಲ, ಆದರೂ ದಿನಾ ಜಗಲಿಯಲ್ಲಿ ಕೂರಿಸಿಕೊಂಡು ಲೆಕ್ಕ ಹೇಳಿಕೊಡತೊಡಗಿದರು. ಚರ್ಚಿನ ಪೂಜೆಯಲ್ಲಿ ಪ್ರಸಾದದ ಹಾಗೆ ಕೊಡುವ ಬಿಳಿಯ ಬಿಲ್ಲೆಗಳನ್ನು ಮಾಡುವುದೂ ಅವರ ಕೆಲಸವಾಗಿತ್ತು. ಗೋಧಿ ಹಿಟ್ಟು, ನೀರು, ಅಷ್ಟೇ. ಕಬ್ಬಿಣದ ಅಚ್ಚಿನಲ್ಲಿ ಕಾಗದದಷ್ಟು ತೆಳ್ಳಗೆ ಬೇಯಿಸಿ, ದುಂಡಗೆ ಕತ್ತರಿಸಿದ ಮೇಲೆ ಉಳಿಯುವ ಅಂಚಿನ ಚೂರುಗಳನ್ನು ಸ್ಟೀಲ್ ಡಬ್ಬಿಗೆ ತುಂಬಿಡುತ್ತಿದ್ದರು. ಲೆಕ್ಕ ಸರಿಯಾದರೆ ಒಂದು ಹಿಡಿ ಚೂರು. ತಪ್ಪಾದರೂ ಒಂದು ಹಿಡಿ. ನಾವು ಹೊರಡುವಾಗ ಪುಟ್ಟ ನೋಟ್‌ಬುಕ್ ತೆಗೆದು, ಕೈ ಅಡ್ಡ ಇಟ್ಟುಕೊಂಡು, ನಮ್ಮ ಹೆಸರಿನ ಕೆಳಗೆ ಏನೋ ಬರೆಯುತ್ತಿದ್ದರು.

"ಅದೇ ಲಿಸ್ಟ್ ಕಣೇ" ಅಂದಳು ಗೆಳತಿ, ಬಸ್ಸಿನಲ್ಲಿ. "ತಿನ್ನಾಕ್ ಕೊಟ್ಟು ನಮ್ ದಡ್ಡತನ ಎಲ್ಲಾ ತಿಳ್ಕತಾರೆ. ಆಮೇಲೆ ಓಗಿ ಎಡ್‌ಮಿಸ್‌ಗೆ ಕೊಡ್ತಾರೆ."

ನನಗೂ ಹಾಗೇ ಅನ್ನಿಸಿತು. ಅಡುಗೆಯವರಿಗೆ ನಮ್ಮ ಗಣಿತದ ಉಸಾಬರಿ ಯಾಕೆ? ಆದರೂ ಹೋಗುತ್ತಿದ್ದೆವು. ಲೆಕ್ಕ ಬೇರೆ ಸ್ವಲ್ಪ ಸ್ವಲ್ಪವೇ ತಲೆಗೆ ಹತ್ತತೊಡಗಿತ್ತು.

ಒಂದು ಸಂಜೆ ಜಾಮಿಟ್ರಿ ಬಾಕ್ಸಿನಲ್ಲಿ ನಾನು ಬಚ್ಚಿಟ್ಟಿದ್ದ ಚೂರುಗಳು ಅವ್ವನ ಕೈಗೆ ಸಿಕ್ಕವು.

"ಏನವ್ವ ಇದು? ಅವ್ರ್ ದೇವ್ರುದಾ?"

ಲೆಕ್ಕ ಹೇಳಿಸಿಕೊಳ್ಳುವಾಗ ಕೊಟ್ಟದ್ದು ಅಂದರೆ ಹನ್ನೊಂದು ಹೊರಬೀಳುತ್ತದೆ, ಹಿಂದೆಯೇ ಸೈನೂ. "ಸಿಸ್ಟರು ದಿನಾ ಕೊಡ್ತಾರೆ. ತಿನ್ನಲೇಬೇಕು ಅಂತಾರೆ" ಅಂದುಬಿಟ್ಟೆ. ಆ ಸ್ಕೂಲಿಗೆ ಹಾಕಿದರೆ ಮಕ್ಕಳನ್ನು ಅವರ ಕಡೆಗೆ ಎಳೆದುಕೊಳ್ಳುತ್ತಾರೆ ಅಂತ ಊರಲ್ಲಿ ಮೊದಲೇ ಗುಸುಗುಸು ಇತ್ತು. ಅವ್ವ ಅವತ್ತು ಸರಿಯಾಗಿ ಊಟ ಮಾಡಲಿಲ್ಲ.

ಮಾರನೆಯ ದಿನ ಕೂಲಿಗೆ ಹೋಗದೆ ನನ್ನ ಜೊತೆಗೇ ಬಂದಳು. ಹೆಡ್‌ಮಿಸ್ ತಮ್ಮ ರೂಮಿಗೆ ಅಡುಗೆಮನೆ ಸಿಸ್ಟರನ್ನು ಕರೆಸಿದರು. ಅವರ ಕೈಯಲ್ಲಿ ಹಿಟ್ಟು ಹಾಗೇ ಮೆತ್ತಿಕೊಂಡಿತ್ತು.

"ನಮ್ ಮಗೀಗೆ ಏನ್ ತಿನ್ನುಸ್ತಾ ಇದೀರಿ ನೀವು? ಬಡವ್ರು ಅಂತ ಇಂಗ್ ಮಾಡದಾ?" ಅಂದಳು ಅವ್ವ.

ಸಿಸ್ಟರ್ ನನ್ನ ಕಡೆ ನೋಡಿದರು. ನನ್ನ ಮಾರ್ಕ್ಸ್ ಎಷ್ಟು ಅಂತ ಒಂದು ಮಾತು ಹೇಳಿದ್ದರೆ ಸಾಕಿತ್ತು.

"ಬರೀ ಗೋಧಿ ಹಿಟ್ಟಮ್ಮ. ಆದರೂ ನಿಮ್ಮನ್ನು ಕೇಳದೆ ಕೊಟ್ಟದ್ದು ನನ್ನದೇ ತಪ್ಪು. ಇನ್ನು ಕೊಡುವುದಿಲ್ಲ" ಅಂದರು.

ನಾಚಿಕೆಗೇಡಿನ ಮಾತು ಹೇಳುತ್ತೇನೆ. ಆಗಲೂ ನಾನು ಅವರನ್ನು ನಂಬಲಿಲ್ಲ. ನನ್ನ ಗುಟ್ಟು ಇಟ್ಟುಕೊಂಡಿದ್ದಾರೆ, ಯಾವತ್ತೋ ಒಂದು ದಿನ ತೆಗೆಯುತ್ತಾರೆ ಅಂದುಕೊಂಡೆ. ಜಗಲಿಯ ಪಾಠವನ್ನು ಹೆಡ್‌ಮಿಸ್ ಅವತ್ತೇ ನಿಲ್ಲಿಸಿದರು. ಯಾಕೆ ನಿಂತಿತು ಅಂತ ಗೆಳತಿ ಕೇಳಿದಳು. "ಸಿಸ್ಟರೇ ಬೇಡ ಅಂದ್ರು" ಅಂದೆ.

ಡಿಸೆಂಬರಿನಲ್ಲಿ ಹೆಡ್‌ಮಿಸ್ ಒಬ್ಬೊಬ್ಬರನ್ನೇ ಕರೆದರು. ನನ್ನ ಸರದಿ ಬಂದಾಗ ಮೇಜಿನ ಮೇಲೆ ಅದೇ ಪುಟ್ಟ ನೋಟ್‌ಬುಕ್ ತೆರೆದಿತ್ತು. ಅವರು ಫೋನಿಗೆ ಎದ್ದು ಹೋದಾಗ ತಲೆಕೆಳಗಾಗಿಯೇ ಓದಿದೆ. ನನ್ನ ಪುಟದ ಕೊನೆಯಲ್ಲಿ, "ಸಮೀಕರಣ ಬಂತು. ಪಾಸಾಗುತ್ತಾಳೆ. ದಯವಿಟ್ಟು ಇವಳನ್ನು ಕಳಿಸಬೇಡಿ" ಅಂತಿತ್ತು. ಎದುರು ಪುಟ ಗೆಳತಿಯದು. "ಇನ್ನೂ ಕಷ್ಟಪಡುತ್ತಾಳೆ. ಹದಿನೈದು ದಿನ ಕೊಡಿ, ಇವಳನ್ನೂ ದಾಟಿಸುತ್ತೇನೆ." ಕೆಳಗಿದ್ದ ತಾರೀಖು ಅವ್ವ ಬರುವುದಕ್ಕೆ ಹಿಂದಿನ ದಿನದ್ದು. ಆಮೇಲೆ ಖಾಲಿ...

ನನ್ನನ್ನು ಉಳಿಸಿಕೊಂಡರು. ಗೆಳತಿಗೆ ಪ್ರೈವೇಟಾಗಿ ಕಟ್ಟು ಅಂದರು. ಅವಳು ಕಟ್ಟಲೇ ಇಲ್ಲ. ಕೆಲವು ವರ್ಷ ಮನೆಯಲ್ಲಿದ್ದು ಗಾರ್ಮೆಂಟ್ಸಿಗೆ ಸೇರಿದಳು, ಇವತ್ತಿಗೂ ಅಲ್ಲೇ ಇದ್ದಾಳೆ. ಆ ವರ್ಷವೂ ಸ್ಕೂಲಿಗೆ ನೂರಕ್ಕೆ ನೂರು ಬಂತು. ಬೇಸಿಗೆ ರಜೆಯಲ್ಲಿ ಅಡುಗೆಮನೆ ಸಿಸ್ಟರಿಗೆ ವರ್ಗವಾಯಿತು. ಯಾಕೆ ಅನ್ನುವುದರ ಬಗ್ಗೆ ನನಗೆ ಅನುಮಾನವಿದೆ, ಕೇಳುವ ಧೈರ್ಯ ಇರಲಿಲ್ಲ. ಎರಡು ವರ್ಷದ ಹಿಂದೆ ಅವರು ತೀರಿಕೊಂಡರಂತೆ. ಮಾರ್ಕೆಟ್ಟಿನಲ್ಲಿ ಸಿಕ್ಕಿದ ಹಳೆಯ ಟೀಚರೊಬ್ಬರು ಹೇಳಿದರು. ಒಂದು ಕಾಗದ ಬರೆದು ತಪ್ಪಾಯಿತು ಅನ್ನಬಹುದಿತ್ತು. ಬರೆಯಲಿಲ್ಲ.

"ಐಸ್‌ಕ್ರೀಮ್ ಬ್ಯಾಡ ಕಣಪ್ಪ, ಬರೀ ಕೋನ್ ಕೊಡು" ಅಂದಳು ಗೆಳತಿ ಅಂಗಡಿಯವನಿಗೆ. ಮುರಿದು ಅರ್ಧ ನನ್ನ ಕೈಗಿಟ್ಟಳು. ತಾನೊಂದು ಚೂರು ಕಚ್ಚಿ, "ಆಯಮ್ಮನೇ ಕಣೇ ನನ್ ಎಸ್ರು ಬರ್ದಿದ್ದು. ಅಷ್ಟೆಲ್ಲಾ ತಿನ್ನುಸ್ಬುಟ್ಟು..." ಅಂದಳು.

ಹದಿನೈದು ದಿನದ ಮಾತು ನಾಲಿಗೆಯ ತುದಿಗೆ ಬಂತು. ಅದನ್ನು ಹೇಳಿದರೆ, ಹಾಗಾದರೆ ಪಾಠ ಯಾಕೆ ನಿಂತಿತು ಅಂತ ಅವಳು ಕೇಳುತ್ತಾಳೆ.

"ಹೂಂ, ಅವರೇ ಇರ್ಬೇಕು" ಅಂದೆ.